ಮಠದಿಂದ ಚೌಕಕ್ಕೆ

ಫ್ಲಾರೆನ್ಸ್ ನಗರವನ್ನು ಮಾರ್ಗದರ್ಶಕರೊಡನೆ ಕಾಲ್ನಡಿಗೆಯಲ್ಲಿ ಕಾಣುವವರು ಸಿನ್ಯೋರಿಯ ಚೌಕದಲ್ಲಿ ತಲೆಯೆತ್ತಿ ಶಿಲ್ಪಗಳನ್ನು ನೋಡುತ್ತಾರೆ; ನೆಲದಲ್ಲಿರುವ ದುಂಡು ಶಿಲಾಫಲಕವನ್ನು ಹಲವರು ತುಳಿದೇ ಸಾಗುತ್ತಾರೆ. ಡೊಮಿನಿಕನ್ ಸನ್ಯಾಸಿ ಜಿರೋಲಮೊ ಸವೊನರೋಲರನ್ನು 1498ರ ಮೇ 23ರಂದು ಇಬ್ಬರು ಸಹಸನ್ಯಾಸಿಗಳೊಡನೆ ಗಲ್ಲಿಗೇರಿಸಿ ದಹಿಸಿದ ಸ್ಥಳವದು. ಹಿಂದಿನ ವರ್ಷದ ಫೆಬ್ರವರಿ 7ರಂದು, ಅವರ ಬೋಧನೆಗೆ ಓಗೊಟ್ಟ ಜನರು ಇದೇ ಚೌಕದಲ್ಲಿ ಕನ್ನಡಿ, ಇಸ್ಪೀಟೆಲೆ, ಪುಸ್ತಕ, ಚಿತ್ರಗಳನ್ನು ಸುಟ್ಟಿದ್ದರು.

ಸಮೀಪದ ಸಾನ್ ಮಾರ್ಕೊ ಮಠಕ್ಕೆ ಸವೊನರೋಲ ಅಧ್ಯಕ್ಷರಾಗಿದ್ದರು. ಅಲ್ಲಿ ಅದೇ ಸಭೆಯ ಫ್ರಾ ಆಂಜೆಲಿಕೊ ಬಿಡಿಸಿದ ಭಿತ್ತಿಚಿತ್ರದಲ್ಲಿ ಸಂತ ಡೊಮಿನಿಕರು ಇಂದಿಗೂ ಶಿಲುಬೆಯೆದುರು ಮಂಡಿಯೂರಿದ್ದಾರೆ.

ಆರನೆಯ ಅಲೆಕ್ಸಾಂಡರ್ ಪೋಪರ ಆಸ್ಥಾನದ ಭ್ರಷ್ಟತೆಯನ್ನು ಸವೊನರೋಲ ಖಂಡಿಸಿದ್ದು ನ್ಯಾಯವೇ. ಆದರೆ ಸುಧಾರಕರೂ ಅವರನ್ನು ದಂಡಿಸಿದವರೂ ಒಂದೇ ಬೆಂಕಿಯನ್ನು ನೆಚ್ಚಿದರು. ಧರ್ಮಸಭೆಯ ಸುಧಾರಣೆಯನ್ನು ಬಯಸುವ ನಾವು ಆ ಮಠದಿಂದ ಈ ಶಿಲೆಯವರೆಗೆ ಒಮ್ಮೆ ನಡೆಯಬೇಕು.