ಸೈಲೆಂಟ್ ಹಿಲ್‌ನ ಮಂಜು: ಎಮ್ಯುಲೇಟರ್ ಮತ್ತು ಪಾಠಶುದ್ಧಿಯ ಪ್ರಶ್ನೆ

ಜಪಾನಿನ ಕೊನಾಮಿ ಸಂಸ್ಥೆಯು ೧೯೯೯ರಲ್ಲಿ ಸೋನಿ ಕಂಪನಿಯ ಪ್ಲೇಸ್ಟೇಷನ್ ಯಂತ್ರಕ್ಕಾಗಿ ಹೊರತಂದ ‘ಸೈಲೆಂಟ್ ಹಿಲ್’ ಎಂಬ ಭಯಾನಕ ವಿಡಿಯೊ ಆಟವನ್ನು ಇಂದು ಆಡಬಯಸುವವನು ಆ ಹಳೆಯ ಯಂತ್ರವನ್ನು ಅರಸಿ ಹೋಗಬೇಕಾಗಿಲ್ಲ. ಎಮ್ಯುಲೇಟರ್ ಎಂಬ ತಂತ್ರಾಂಶವು ಅದರ ನಡವಳಿಕೆಯನ್ನು ಗಣಕಯಂತ್ರದಲ್ಲಿ ಅನುಕರಿಸಿ ತೋರಿಸುತ್ತದೆ. ಹೀಗೆ ಕಣ್ಣಿಗೆ ಬೀಳುವ ಕೃತಿಯನ್ನು ಇತಿಹಾಸಕಾರನು ೧೯೯೯ರ ಸಾಕ್ಷ್ಯವೆಂದು ಅಂಗೀಕರಿಸಬಹುದೆ ಎಂಬುದೇ ಪ್ರಸ್ತುತ ಲೇಖನದ ವಿಚಾರ.

೧೯೯೪ರ ಡಿಸೆಂಬರಿನಲ್ಲಿ ಜಪಾನಿನ ಅಂಗಡಿಗಳಿಗೆ ಬಂದ ಪ್ಲೇಸ್ಟೇಷನ್ನಿನ ಮುಖ್ಯ ಸ್ಮೃತಿಕೋಶ ಕೇವಲ ೨ ಮೆಗಾಬೈಟ್; ಚಿತ್ರಗಳಿಗೆಂದು ಮೀಸಲಾದುದು ೧ ಮೆಗಾಬೈಟ್. ಊರೊಂದರ ಬೀದಿಗಳನ್ನು ಕಣ್ಣು ಹಾಯುವಷ್ಟು ದೂರ ಚಿತ್ರಿಸುವುದು ಅದರ ಅಳವಿಗೆ ಮೀರಿದ ಕೆಲಸ. ನಿರ್ಮಾಪಕರು ಆ ಕೊರತೆಯನ್ನು ಮಂಜಿನಿಂದಲೂ ಕತ್ತಲೆಯಿಂದಲೂ ಮುಚ್ಚಿದರು. ಆಟಗಾರನಿಗೆ ಕಾಣುವುದು ಕೆಲವೇ ಹೆಜ್ಜೆಗಳ ದಾರಿ. ವಿಕಾರಪ್ರಾಣಿ ಸಮೀಪಿಸಿದುದನ್ನು ಕಣ್ಣಿಗಿಂತ ಮೊದಲು ರೇಡಿಯೊದ ಕರಕರ ಸದ್ದು ತಿಳಿಸುತ್ತದೆ. ಆಲಂಕಾರಿಕರ ಮಾತಿನಲ್ಲಿ ಹೇಳುವುದಾದರೆ, ಯಂತ್ರದ ದಾರಿದ್ರ್ಯವೇ ಭಯಾನಕ ರಸಕ್ಕೆ ಉದ್ದೀಪನವಾಯಿತು. ಬಿಂದುಗಳ ಸ್ಥಾನವನ್ನು ಭಿನ್ನಾಂಕದವರೆಗೆ ಲೆಕ್ಕಿಸದ ಆ ಯಂತ್ರದಲ್ಲಿ ಗೋಡೆಗಳು ಸಣ್ಣಗೆ ನಡುಗುತ್ತಿದ್ದುವು; ಬಣ್ಣಗಳ ಅಭಾವವನ್ನು ತುಂಬಲು ಹರಡಿದ ಚುಕ್ಕೆಗಳು ಅಂದಿನ ದಪ್ಪ ಗಾಜಿನ ಟೆಲಿವಿಷನ್ನಿನಲ್ಲಿ ಒಂದರೊಡನೊಂದು ಬೆರೆತು ಮಬ್ಬಾಗುತ್ತಿದ್ದುವು.

ಎಮ್ಯುಲೇಟರುಗಳು ಈ ನಡುಕವನ್ನು ನಿಲ್ಲಿಸಬಲ್ಲವು, ಚುಕ್ಕೆಗಳನ್ನು ಅಳಿಸಬಲ್ಲವು, ಚಿತ್ರದ ಸೂಕ್ಷ್ಮತೆಯನ್ನು ಹಲವು ಪಟ್ಟು ಹೆಚ್ಚಿಸಬಲ್ಲವು. ಈ ಲೇಖಕನು ಆಟದ ಮೊದಲ ಭಾಗವನ್ನು ಎರಡು ರೀತಿಯಲ್ಲಿಯೂ ಆಡಿ ನೋಡಿದನು. ಪರಿಷ್ಕೃತ ರೂಪದಲ್ಲಿ ಗೋಡೆಯ ಕಲೆಗಳನ್ನು ಎಣಿಸಬಹುದಾಗಿತ್ತು. ಭಯ ಮಾತ್ರ ಹುಟ್ಟಲಿಲ್ಲ. ಕ್ಯಾಪ್ಕಾಮ್ ಸಂಸ್ಥೆಯ ‘ರೆಸಿಡೆಂಟ್ ಈವಿಲ್’ (೧೯೯೬) ಆಟದಲ್ಲಿ ತೊಡಕು ಇನ್ನೂ ಹೆಚ್ಚು. ಅದರ ಕೋಣೆಗಳು ಮೊದಲೇ ಸಿದ್ಧಪಡಿಸಿದ ಸ್ಥಿರಚಿತ್ರಗಳು. ಪಾತ್ರಗಳು ಆಗಿಂದಾಗ ರಚಿತವಾಗತಕ್ಕವು. ಸೂಕ್ಷ್ಮತೆಯನ್ನು ಹೆಚ್ಚಿಸಿದಾಗ ಪಾತ್ರಗಳ ಅಂಚು ಹರಿತವಾಗಿ, ಹಿನ್ನೆಲೆ ಮಸುಕಾಗಿಯೇ ಉಳಿದು, ನಾಟಕದ ಪರದೆಯ ಮುಂದೆ ಕಾಗದದ ಬೊಂಬೆಗಳನ್ನು ನಿಲ್ಲಿಸಿದಂತಾಗುತ್ತದೆ.

ಓಲೆಗರಿಯ ಪಾಠವನ್ನು ತನಗೆ ತೋರಿದಂತೆ ತಿದ್ದಿಬಿಡುವ ಲಿಪಿಕಾರನ ಪರಿಚಯ ಗ್ರಂಥಸಂಪಾದಕರಿಗೆ ಉಂಟು. ಎಮ್ಯುಲೇಟರನ್ನು ಅವನ ಸಾಲಿಗೆ ಸೇರಿಸುವುದು ಸುಲಭ, ಆದರೆ ನ್ಯಾಯವಲ್ಲ. ಲಿಪಿಕಾರನು ತಿದ್ದಿದುದು ಪ್ರತಿಯಲ್ಲಿ ನಿಂತುಬಿಡುತ್ತದೆ. ಎಮ್ಯುಲೇಟರಿನ ತಿದ್ದುಪಡಿಯನ್ನು ಆಟಗಾರನು ಬೇಡವೆಂದರೆ ತೆಗೆದುಹಾಕಬಲ್ಲನು. ಅಧಿಕೃತ ಆವೃತ್ತಿಯೇ ಹೆಚ್ಚು ಶುದ್ಧವೆಂಬ ನಂಬಿಕೆಗೂ ಆಧಾರ ಸಾಲದು. ‘ಸೈಲೆಂಟ್ ಹಿಲ್ ೨’ (೨೦೦೧) ಆಟವನ್ನು ಕೊನಾಮಿ ೨೦೧೨ರಲ್ಲಿ ಮರಳಿ ಹೊರತಂದಾಗ, ಆ ಕೆಲಸ ಮಾಡಿದವರ ಕೈಗೆ ದೊರೆತುದು ಪ್ರೋಗ್ರಾಮಿನ ಅಂತಿಮ ಪಾಠವಲ್ಲ, ಅದಕ್ಕೆ ಹಿಂದಿನ ಅಪೂರ್ಣ ಪಾಠ. ಮಂಜು ಕೆಟ್ಟಿತು, ಅದು ಮರೆಮಾಡಿದ್ದ ಅಂಚುಗಳು ಬಯಲಾದುವು. ಶುದ್ಧಪಾಠ ಉಳಿದಿದ್ದುದು ಜನರ ಮನೆಗಳಲ್ಲಿದ್ದ ಹಳೆಯ ಡಿಸ್ಕುಗಳಲ್ಲಿ.

ಎಮ್ಯುಲೇಟರನ್ನು ರಚಿಸುವ ಹಕ್ಕಿನ ಪ್ರಶ್ನೆ ಸೋನಿ ಮತ್ತು ಕನೆಕ್ಟಿಕ್ಸ್ ಕಂಪನಿಗಳ ವ್ಯಾಜ್ಯದಲ್ಲಿ ಎದ್ದು, ೨೦೦೦ದ ಫೆಬ್ರವರಿಯಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯವು ಕನೆಕ್ಟಿಕ್ಸ್ ಪಕ್ಷವನ್ನು ಎತ್ತಿಹಿಡಿಯಿತು. (ಮರುವರ್ಷ ಸೋನಿಯು ಆ ತಂತ್ರಾಂಶವನ್ನೇ ಕೊಂಡು ನಿಲ್ಲಿಸಿದುದು ಬೇರೆ ಮಾತು.) ಆಟಗಳ ಪ್ರತಿಗಳಿಗೆ ಅಂಥ ರಕ್ಷಣೆ ಒದಗಲಿಲ್ಲ. ೨೦೧೦ಕ್ಕೆ ಮುನ್ನ ಅಮೆರಿಕದಲ್ಲಿ ಪ್ರಕಟವಾದ ಆಟಗಳಲ್ಲಿ ನೂರಕ್ಕೆ ೮೭ರಷ್ಟು ಮಾರುಕಟ್ಟೆಯಲ್ಲಿ ದೊರೆಯುವುದಿಲ್ಲವೆಂದು ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ ೨೦೨೩ರಲ್ಲಿ ಪ್ರಕಟಿಸಿತು. ಅಂಥ ಆಟಗಳನ್ನು ಗ್ರಂಥಾಲಯಗಳು ದೂರದ ಸಂಶೋಧಕರಿಗೆ ಒದಗಿಸಲು ಅನುಮತಿ ಬೇಕೆಂಬ ಕೋರಿಕೆಯನ್ನು ೨೦೨೪ರ ಅಕ್ಟೋಬರಿನಲ್ಲಿ ಆ ದೇಶದ ಕೃತಿಸ್ವಾಮ್ಯ ಕಚೇರಿ ನಿರಾಕರಿಸಿತು.