ವೈವಾಹಿಕ ವ್ಯಾಜ್ಯಗಳಲ್ಲಿ ರಾಜಿ ಮತ್ತು ಕ್ರಿಮಿನಲ್ ನಡಾವಳಿಗಳ ರದ್ದತಿ: ಸಮ್ಮತಿಯ ಪರೀಕ್ಷೆ ಎಲ್ಲಿ ನಡೆಯಬೇಕು?

1983ರಲ್ಲಿ ಭಾರತೀಯ ದಂಡ ಸಂಹಿತೆಗೆ ಸೇರಿದ 498ಎ ಕಲಮು, ಗಂಡ ಅಥವಾ ಅವನ ಸಂಬಂಧಿಕರು ಹೆಂಡತಿಯ ಮೇಲೆ ಎಸಗುವ ಕ್ರೌರ್ಯವನ್ನು ಮೂರು ವರ್ಷಗಳವರೆಗೆ ಸೆರೆವಾಸ ವಿಧಿಸಬಹುದಾದ ಅಪರಾಧವನ್ನಾಗಿಸಿತು. ಈ ಅಪರಾಧವು ಪೊಲೀಸರು ವಾರಂಟಿಲ್ಲದೆ ಬಂಧಿಸಬಹುದಾದ, ಜಾಮೀನು ಹಕ್ಕಾಗಿ ದೊರೆಯದ ಮತ್ತು ಪಕ್ಷಗಾರರು ತಾವೇ ರಾಜಿ ಮಾಡಿಕೊಂಡು ಮುಗಿಸಲಾಗದ ವರ್ಗಕ್ಕೆ ಸೇರಿತು. ರಾಜಿಯ ಬಾಗಿಲನ್ನು ಮುಚ್ಚಿಟ್ಟದ್ದರಲ್ಲಿ ಅರ್ಥವಿತ್ತು. ದೂರು ಕೊಟ್ಟ ಹೆಣ್ಣಿನ ಮೇಲೆ ಅತ್ತೆಮನೆಯವರು, ಊರ ಹಿರಿಯರು, ಎಷ್ಟೋ ಬಾರಿ ತವರಿನವರೇ ಹೇರುವ ಒತ್ತಡವನ್ನು ಬಲ್ಲವರಿಗೆ ಅದನ್ನು ವಿವರಿಸಬೇಕಿಲ್ಲ. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೇ ಕಲಮುಗಳಲ್ಲಿಯೂ ಇದೇ ಅಪರಾಧ ಮುಂದುವರಿದಿದೆ.

ಆದರೆ ದಂಪತಿಗಳು ಪರಸ್ಪರ ಒಪ್ಪಿ ಬೇರೆಯಾದ ಮೇಲೆ, ಅಥವಾ ಮತ್ತೆ ಕೂಡಿ ಬಾಳತೊಡಗಿದ ಮೇಲೆ, ಈ ಪ್ರಕರಣ ಏನಾಗಬೇಕು? ಯಾವ ಅಪರಾಧಗಳನ್ನು ಯಾರು ರಾಜಿ ಮಾಡಿಕೊಳ್ಳಬಹುದೆಂದು ಪಟ್ಟಿ ಮಾಡಿದ್ದ ದಂಡ ಪ್ರಕ್ರಿಯಾ ಸಂಹಿತೆಯ 320ನೇ ಕಲಮು, ಆ ಪಟ್ಟಿಯ ಹೊರಗಿನ ರಾಜಿಯನ್ನು ಸ್ಪಷ್ಟವಾಗಿ ನಿಷೇಧಿಸಿತ್ತು. 2003ರ ಬಿ.ಎಸ್. ಜೋಶಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ನ್ಯಾಯದ ಉದ್ದೇಶ ಸಾಧನೆಗಾಗಿ ಹೈಕೋರ್ಟಿಗಿರುವ ಅಂತರ್ಗತ ಅಧಿಕಾರವನ್ನು, ಎಂದರೆ 482ನೇ ಕಲಮು ಉಳಿಸಿಕೊಟ್ಟ ಅಧಿಕಾರವನ್ನು, ಈ ನಿಷೇಧವು ಕಟ್ಟಿಹಾಕುವುದಿಲ್ಲವೆಂದು ಹೇಳಿತು. ಹೆಂಡತಿಯೇ ಸಾಕ್ಷ್ಯ ನುಡಿಯಲು ಒಪ್ಪದಿರುವಾಗ ಶಿಕ್ಷೆಯಾಗುವ ಸಂಭವವೇ ಇಲ್ಲವೆಂಬುದು ಅದರ ಒಂದು ಆಧಾರವಾಗಿತ್ತು. 2012ರ ಗ್ಯಾನ್ ಸಿಂಗ್ ಪ್ರಕರಣದ ತ್ರಿಸದಸ್ಯ ಪೀಠವು ರಾಜಿಗೂ ರದ್ದತಿಗೂ ಇರುವ ಭೇದವನ್ನು ಖಚಿತಪಡಿಸಿತು: ರಾಜಿಯಲ್ಲಿ ಸಂತ್ರಸ್ತರ ಒಪ್ಪಿಗೆ ನಿರ್ಣಾಯಕ, ರದ್ದತಿಯಲ್ಲಿ ಆ ಒಪ್ಪಿಗೆ ನ್ಯಾಯಾಲಯ ತೂಗಿ ನೋಡುವ ಅಂಶಗಳಲ್ಲೊಂದು ಮಾತ್ರ. ಕೊಲೆ, ಅತ್ಯಾಚಾರ, ದರೋಡೆಯಂಥ ಘೋರ ಅಪರಾಧಗಳನ್ನು ಹೊರಗಿಟ್ಟ ಆ ಪೀಠ, ವಿವಾಹ ಹಾಗೂ ಕುಟುಂಬ ಸಂಬಂಧಿತ ಪ್ರಕರಣಗಳಿಗೆ ಬೇರೆಯದೇ ಸ್ಥಾನ ಕೊಟ್ಟಿತು.

ತತ್ತ್ವದ ಮಟ್ಟದಲ್ಲಿ ಈ ಭೇದ ಸರಿಯಾದದ್ದೇ. ತೊಡಕಿರುವುದು ತೂಗಿ ನೋಡುವ ಕ್ರಮದಲ್ಲಿ. ಒಪ್ಪಂದವೊಂದರಲ್ಲಿ ಪರಸ್ಪರ ಸಮ್ಮತಿಯ ವಿಚ್ಛೇದನ, ಸ್ತ್ರೀಧನದ ವಾಪಸಾತಿ, ಮಕ್ಕಳ ಸುಪರ್ದಿ ಮತ್ತು ಶಾಶ್ವತ ಜೀವನಾಂಶದ ಕಂತುಗಳು ಒಂದಕ್ಕೊಂದು ಹೆಣೆದುಕೊಂಡಿರುತ್ತವೆ. ಕೊನೆಯ ಕಂತನ್ನು ಪ್ರಕರಣ ರದ್ದಾಗುವ ದಿನಕ್ಕೆ ಇಟ್ಟಾಗ, ಬಾಕಿ ಉಳಿದ ಕ್ರಿಮಿನಲ್ ಪ್ರಕರಣವೇ ಹೆಂಡತಿಯ ಕೈಯಲ್ಲಿರುವ ಏಕೈಕ ಭದ್ರತೆಯಾಗುತ್ತದೆ. ಜಂಟಿ ಮೆಮೊ ಮತ್ತು ಪ್ರಮಾಣಪತ್ರಗಳನ್ನಷ್ಟೇ ಓದಿ ಹೊರಡುವ ಆದೇಶ ಈ ಹೆಣಿಗೆಯನ್ನು ಬಿಡಿಸಿ ನೋಡಲಾರದು. ಮಗುವಿನ ಜೀವನಾಂಶದ ಹಕ್ಕನ್ನು ತಾಯಿ ತನ್ನ ರಾಜಿಯಲ್ಲಿ ಬಿಟ್ಟುಕೊಟ್ಟಿದ್ದಾಳೆಯೇ ಎಂಬುದನ್ನಂತೂ ಕೇಳದೆ ಬಿಡಲಾಗದು.

ಸಮ್ಮತಿಯನ್ನು ಪರೀಕ್ಷಿಸಲು ಸೂಕ್ತವಾದ ಸ್ಥಳ ವಿಚಾರಣಾ ನ್ಯಾಯಾಲಯ. 2017ರಲ್ಲಿ ಸುಪ್ರೀಂ ಕೋರ್ಟಿನ ದ್ವಿಸದಸ್ಯ ಪೀಠವು ಒಪ್ಪಂದವಾದ ಪ್ರಕರಣಗಳನ್ನು ಜಿಲ್ಲಾ ಮಟ್ಟದಲ್ಲೇ ಮುಗಿಸಲು ಅವಕಾಶ ಕೊಟ್ಟಿತ್ತು. 2018ರಲ್ಲಿ ತ್ರಿಸದಸ್ಯ ಪೀಠ ಅದನ್ನು ಬದಲಿಸಿ, ಪಕ್ಷಗಾರರು ಹೈಕೋರ್ಟಿಗೇ ಹೋಗಬೇಕೆಂದಿತು. ಅಂದಿನ ಶಾಸನ ಇದ್ದಂತೆ ಆ ತೀರ್ಪು ತಪ್ಪಲ್ಲ. ಆದರೂ ಅದರ ಭಾರ ಬೀಳುವುದು ಬೀದರಿನಿಂದ ಕಲಬುರಗಿ ಪೀಠಕ್ಕೆ, ಚಾಮರಾಜನಗರದಿಂದ ಬೆಂಗಳೂರಿಗೆ ವಕೀಲರನ್ನು ಗೊತ್ತುಮಾಡಿಕೊಳ್ಳಬೇಕಾದ ಬಡ ಕುಟುಂಬಗಳ ಮೇಲೆ.

ಹೀಗಾಗಿ ಪರಿಹಾರ ಶಾಸಕಾಂಗದಿಂದಲೇ ಬರಬೇಕು. ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದ ವಿ.ಎಸ್. ಮಳಿಮಠ ಅವರ ಸಮಿತಿ 2003ರಲ್ಲಿ ಈ ಅಪರಾಧ ರಾಜಿಗೆ ಅರ್ಹವಾಗಬೇಕೆಂದು ಶಿಫಾರಸು ಮಾಡಿತು. ಜಾಮೀನನ್ನು ಹಕ್ಕಾಗಿಸಬೇಕೆಂಬ ಅದರ ಇನ್ನೊಂದು ಸಲಹೆಯನ್ನು ಒಪ್ಪದವರೂ ಇದನ್ನು ಬೇರೆಯಾಗಿ ಪರಿಗಣಿಸಬಹುದು. ಕಾನೂನು ಆಯೋಗವು 2012ರ ತನ್ನ 243ನೇ ವರದಿಯಲ್ಲಿ ನ್ಯಾಯಾಲಯದ ಅನುಮತಿಯೊಡನೆ ರಾಜಿಗೆ ಅವಕಾಶವಿರಲೆಂದಿತು. ಆಂಧ್ರಪ್ರದೇಶದ 2003ರ ತಿದ್ದುಪಡಿ ಇನ್ನೂ ವಿವೇಕದ್ದಾಗಿತ್ತು: ಅರ್ಜಿ ಸಲ್ಲಿಸಿ ಕನಿಷ್ಠ ಮೂರು ತಿಂಗಳು ಕಳೆಯಬೇಕು, ಆ ಅವಧಿಯಲ್ಲಿ ಯಾರೂ ಹಿಂದೆ ಸರಿದಿರಬಾರದು. ಬಲವಂತದ ಒಪ್ಪಿಗೆ ಬಯಲಾಗಲು ಬೇಕಾದ ಕಾಲಾವಕಾಶವನ್ನು ಇದು ಕೊಡುತ್ತದೆ. ಆದರೆ 85ನೇ ಕಲಮನ್ನಷ್ಟೇ ತಿದ್ದಿದರೆ ಸಾಲದು. ಅದರ ಜೊತೆಗೆ ಸಾಮಾನ್ಯವಾಗಿ ಹೂಡುವ ವರದಕ್ಷಿಣೆ ನಿಷೇಧ ಅಧಿನಿಯಮದ 3 ಮತ್ತು 4ನೇ ಕಲಮುಗಳ ಆರೋಪಗಳನ್ನು ಅದೇ ಅಧಿನಿಯಮದ 8ನೇ ಕಲಮು ರಾಜಿಯಿಂದ ಹೊರಗಿಟ್ಟಿರುವುದರಿಂದ, ಅದನ್ನು ಮುಟ್ಟದ ತಿದ್ದುಪಡಿಯ ನಂತರವೂ ಪಕ್ಷಗಾರರು ಉಳಿದ ಆರೋಪಗಳಿಗಾಗಿ ಮತ್ತೆ ಹೈಕೋರ್ಟಿನ ಮೆಟ್ಟಿಲನ್ನೇ ಹತ್ತಬೇಕಾಗುತ್ತದೆ.