ಸಾಕ್ಷಿಯೂ ಸಾಕ್ಷ್ಯಚಿತ್ರವೂ

ಕಣ್ಣಾರೆ ಕಂಡವನೇ ಸಾಕ್ಷಿಯೆಂದು ವೈಯಾಕರಣರು ಆ ಶಬ್ದಕ್ಕೆ ಅರ್ಥವನ್ನು ಹೇಳುವರು. ಚಲಚ್ಚಿತ್ರದ ಒಂದು ಪ್ರಭೇದಕ್ಕೆ ಕನ್ನಡದಲ್ಲಿ ಸಾಕ್ಷ್ಯಚಿತ್ರವೆಂಬ ಹೆಸರು ರೂಢವಾಗಿದೆ. ಏನನ್ನೂ ಕಣ್ಣಾರೆ ಕಾಣದ ಚಿತ್ರವೊಂದು ಸಾಕ್ಷಿಯ ಕಾರ್ಯವನ್ನು ಹೇಗೆ ಮಾಡಬಲ್ಲುದೆಂಬುದಕ್ಕೆ ಅಮೆರಿಕದ ಟೆಕ್ಸಾಸ್ ಸಂಸ್ಥಾನದಲ್ಲಿ ನಡೆದ ವೃತ್ತಾಂತವು ನಿದರ್ಶನವಾಗಿದೆ.

೧೯೭೬ನೆಯ ಇಸವಿ ನವೆಂಬರ್ ತಿಂಗಳಲ್ಲಿ ಒಂದು ರಾತ್ರಿ, ಡಲ್ಲಾಸ್ ನಗರದಲ್ಲಿ ಮೋಟಾರು ಬಂಡಿಯೊಂದನ್ನು ತಡೆದ ಪೊಲೀಸಿನವನು ಗುಂಡೇಟಿನಿಂದ ಮಡಿದನು. ಆ ಬಂಡಿಯನ್ನು ಕದ್ದು ತಂದಿದ್ದ ಡೇವಿಡ್ ಹ್ಯಾರಿಸನೆಂಬ ೧೬ ವರ್ಷದ ಹುಡುಗನು, ಒಂದೇ ದಿನದ ಪರಿಚಯದವನಾದ ರ‍್ಯಾಂಡಲ್ ಆಡಮ್ಸನೆಂಬವನ ಮೇಲೆ ದೋಷವನ್ನು ಹೊರಿಸಿದನು. ಈತನು ಮುಂದೆಯೂ ಕೊಲೆಗೆ ಹೇಸನೆಂದು ಗ್ರಿಗ್ಸನನೆಂಬ ಮನೋವೈದ್ಯನು ನುಡಿದನು. ೧೯೭೭ರಲ್ಲಿ ಆಡಮ್ಸನಿಗೆ ಮರಣದಂಡನೆಯು ವಿಧಿಸಲ್ಪಟ್ಟಿತು. ೧೯೭೯ರಲ್ಲಿ ವಧೆಗೆ ಮೂರು ದಿನ ಮುಂಚೆ ತಡೆಯಾಜ್ಞೆ ಬಂದಿತು. ೧೯೮೦ರಲ್ಲಿ ಸರ್ವೋಚ್ಚ ನ್ಯಾಯಾಲಯವು ಜೂರಿಗಳ ಆಯ್ಕೆಯಲ್ಲಿದ್ದ ದೋಷದಿಂದ ಮರಣದಂಡನೆಯನ್ನು ರದ್ದುಪಡಿಸಲು, ಅದು ಯಾವಜ್ಜೀವ ಸೆರೆವಾಸವಾಯಿತು.

೧೯೮೫ರಲ್ಲಿ ಎರಲ್ ಮಾರಿಸನೆಂಬ ಚಿತ್ರಕಾರನು ಆ ಮನೋವೈದ್ಯನನ್ನೇ ಕುರಿತು ಚಿತ್ರವನ್ನು ತೆಗೆಯಲು ಡಲ್ಲಾಸಿಗೆ ಬಂದನು. ಸೆರೆಮನೆಯಲ್ಲಿ ಆಡಮ್ಸನನ್ನು ಕಂಡು, ವಿಚಾರಣೆಯ ಕಾಗದಪತ್ರಗಳನ್ನು ಪರಿಶೀಲಿಸಲು, ಸಾಕ್ಷಿಗಳ ಮಾತಿನಲ್ಲಿ ಪೂರ್ವಾಪರವಿರೋಧವು ಕಂಡುಬಂದಿತು. ಆತನು ಸಾಕ್ಷಿಗಳನ್ನು ಹುಡುಕಿ, ತಾಳ್ಮೆಯಿಂದ ಪುನಃ ಮಾತನಾಡಿಸಿದನು. ಗುರುತಿನ ಸಾಲಿನಲ್ಲಿ ಮೊದಲು ಬೇರೊಬ್ಬನನ್ನು ತೋರಿಸಿದುದಾಗಿ ಒಬ್ಬ ಸಾಕ್ಷಿಯೇ ಒಪ್ಪಿಕೊಂಡಳು. ಬೇರೊಂದು ಕೊಲೆಗಾಗಿ ಆ ವೇಳೆಗೆ ಮರಣದಂಡನೆಗೆ ಗುರಿಯಾಗಿದ್ದ ಹ್ಯಾರಿಸನು, ೧೯೮೬ರ ಡಿಸೆಂಬರಿನಲ್ಲಿ, ಆಡಮ್ಸನು ನಿರಪರಾಧಿಯೆಂಬುದು ತನಗೆ ನಿಶ್ಚಯವೆಂದೂ ಅದನ್ನು ಬಲ್ಲವನು ತಾನೇ ಎಂದೂ ಸೂಚಿಸಿದನು. ಅಂದು ಛಾಯಾಯಂತ್ರವು ಕೆಟ್ಟಿದ್ದುದರಿಂದ ಧ್ವನಿಯು ಮಾತ್ರ ಉಳಿಯಿತು.

ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯವು ಬೆವರುವ ಹಣೆ, ಒಣಗುವ ಬಾಯಿ ಮೊದಲಾದುವುಗಳನ್ನು ದುಷ್ಟಸಾಕ್ಷಿಯ ಲಕ್ಷಣಗಳೆಂದು ಎಣಿಸುತ್ತದೆ. ನ್ಯಾಯಾಲಯದ ಬರೆಹದಲ್ಲಿ ಮುಖವೂ ಸ್ವರವೂ ಉಳಿಯುವುದಿಲ್ಲ, ಚಿತ್ರದಲ್ಲಿ ಉಳಿಯುತ್ತವೆ. ಆದರೆ ಮುಖವನ್ನು ನೋಡಿ ನಿರ್ಣಯಿಸಹೊರಟ ಮನೋವೈದ್ಯನೇ ತಪ್ಪಿದನಷ್ಟೆ. ಆದುದರಿಂದ ಮಾರಿಸನು ಒಬ್ಬೊಬ್ಬರ ಹೇಳಿಕೆಯಂತೆಯೂ ಆ ರಾತ್ರಿಯ ಘಟನೆಯನ್ನು ಬೇರೆಬೇರೆಯಾಗಿ ಅಭಿನಯಿಸಿ ತೋರಿಸಿದನು. ಇವೆಲ್ಲವೂ ಏಕಕಾಲದಲ್ಲಿ ಸತ್ಯವಾಗಿರಲಾರವೆಂಬುದು ನೋಡುವವರಿಗೆ ತಾನಾಗಿಯೇ ವೇದ್ಯವಾಯಿತು.

'ದಿ ಥಿನ್ ಬ್ಲೂ ಲೈನ್' ಎಂಬ ಈ ಚಿತ್ರವು ೧೯೮೮ರಲ್ಲಿ ಪ್ರದರ್ಶಿತವಾಯಿತು. ಅದೇ ವರ್ಷಾಂತ್ಯದ ವಿಚಾರಣೆಯಲ್ಲಿ ಹ್ಯಾರಿಸನು ತನ್ನ ಹಿಂದಿನ ಸಾಕ್ಷ್ಯವನ್ನು ಹಿಂತೆಗೆದುಕೊಂಡನು. ಸುಳ್ಳುಸಾಕ್ಷ್ಯವು ಬಳಕೆಯಾಗಿತ್ತೆಂದೂ ಅಭಿಯೋಜಕನ ಕಡೆಯವರು ಅನುಕೂಲಸಾಕ್ಷ್ಯವನ್ನು ಮುಚ್ಚಿಟ್ಟಿದ್ದರೆಂದೂ ಟೆಕ್ಸಾಸಿನ ಕ್ರಿಮಿನಲ್ ಅಪೀಲು ನ್ಯಾಯಾಲಯವು ೧೯೮೯ರ ಮಾರ್ಚ್ ೧ರಂದು ನಿರ್ಣಯಿಸಿ, ಅಪರಾಧನಿರ್ಣಯವನ್ನು ತಳ್ಳಿಹಾಕಿತು. ಅದೇ ತಿಂಗಳ ೨೧ರಂದು ಆಡಮ್ಸನು ಹೊರಬಂದನು. ಸುಮಾರು ೧೨ ವರ್ಷಗಳ ಸೆರೆವಾಸಕ್ಕೆ ಸರಕಾರದಿಂದ ಯಾವ ಪರಿಹಾರವೂ ಆತನಿಗೆ ದೊರೆಯಲಿಲ್ಲ. ಆತನು ೨೦೧೦ರಲ್ಲಿ ತೀರಿಕೊಂಡನು.

ಬಾಗಿಲನ್ನು ತೆರೆದುದು ನ್ಯಾಯಾಲಯವೇ. ಚಿತ್ರವು ಅದನ್ನು ತಟ್ಟಿದುದು ಮಾತ್ರ. ಆದರೆ ಆ ಕಾಗದಪತ್ರಗಳೂ ಆ ಸಾಕ್ಷಿಗಳೂ ಅಷ್ಟು ವರ್ಷ ಇದ್ದರೂ, ಅವರನ್ನು ಮತ್ತೊಮ್ಮೆ ಕೇಳಬೇಕೆಂದು ತೋರಿದುದು ಹೊರಗಿನಿಂದ ಬಂದವನೊಬ್ಬನಿಗೆ.